ಸಮತಾ ಅಂತ ಹೆಸರಿಟ್ಟ ಮೇಲೆ

ಹೆಸರಿನಲ್ಲಿ ಏನಿದೆ ಮಹಾ ಅಂತ ಕೇಳುತ್ತಾರಲ್ಲ, ಹಾಗೆ ಕೇಳುವವರ ಹೆಸರುಗಳನ್ನು ಒಮ್ಮೆ ನೋಡಿ ಗೆಳೆಯರೇ. ಶಾಸ್ತ್ರಿ, ರಾವ್, ಗೌಡ, ಪಾಟೀಲ ಅಂತ ಹಿಂದುಗಡೆ ಏನಾದರೊಂದು ಇದ್ದೇ ಇರುತ್ತೆ. ಹೆಸರಿನಿಂದ ಏಟು ತಿನ್ನದವನಿಗೆ ಹೆಸರು ಬರೀ ಶಬ್ದ. ನಮಗೆ ಹಾಗಲ್ಲ. ನಮ್ಮ ಅಜ್ಜ ಕರಿಯ, ನಮ್ಮ ಅಜ್ಜಿ ಕೆಂಪಿ. ಕೆಂಪು ಅನ್ನೋದು ಊರೊಳಗೂ ಇತ್ತು. ಅಲ್ಲಿ ಅದು ಕೆಂಪೇಗೌಡ ಆಯಿತು, ಕೆಂಪಮ್ಮ ಆಯಿತು, ಮೈಸೂರು ಅರಮನೆಯಲ್ಲಿ ಕೆಂಪನಂಜಮ್ಮಣ್ಣಿ ಆಯಿತು. ಕೇರಿಗೆ ಬಂದಾಗ ಮಾತ್ರ ಅಪ್ಪ, ಅಮ್ಮ, ಅಯ್ಯ ಎಲ್ಲ ಉದುರಿಹೋಗಿ ಕೆಂಪ, ಕೆಂಪಿ ಅಂತಷ್ಟೇ ಉಳಿಯಿತು. ಎಪ್ಪತ್ತು ವರ್ಷದ ಮುದುಕಿಯನ್ನು ಊರೊಳಗಿನ ಏಳು ವರ್ಷದ ಪೋರ "ಲೇ ಕೆಂಪಿ" ಅಂತ ಕೂಗಿದಾಗ, ಆ ಕೂಗಿನಲ್ಲಿ ಜಾತಿ ವ್ಯವಸ್ಥೆ ಪೂರ್ತಿ ಇರುತ್ತೆ.

ಈಗ ನಮ್ಮ ಕೇರಿಗಳಲ್ಲಿ ಹೆಣ್ಣುಮಕ್ಕಳಿಗೆ ಅಲ್ಲೊಂದು ಇಲ್ಲೊಂದು ಹೊಸ ಹೆಸರು ಕೇಳಿಬರುತ್ತಿದೆ. ಸಮತಾ. ಅಪರೂಪದ ಹೆಸರು. ಹೋಬಳಿಗೆ ಒಬ್ಬಳು ಸಿಕ್ಕರೆ ಹೆಚ್ಚು. ಪಂಚಾಂಗ ನೋಡಿ ಇಡುವ ಹೆಸರಲ್ಲ, ಮನೆದೇವರ ಹೆಸರಲ್ಲ. ಕೇಳಿದವರು ಸಿನಿಮಾ ನಟಿಯ ಹೆಸರಾ ಅಂತಾರೆ. ಹಾಗಾದರೆ ಇದರ ಅರ್ಥ ಏನು, ಇದು ಎಲ್ಲಿಂದ ಬಂತು, ಇಟ್ಟ ಮೇಲೆ ನಮ್ಮ ಮೇಲೆ ಯಾವ ಹೊಣೆ ಬೀಳುತ್ತೆ? ಹಾಸ್ಟೆಲಿನ ತಮ್ಮಂದಿರು ತಂಗಿಯರು ಇದನ್ನು ಯೋಚಿಸಬೇಕು ಅಂತ ಇಷ್ಟು ಬರೆಯುತ್ತಿದ್ದೇವೆ.

ಮೊದಲು, ಹೆಸರಿಡುವ ಅಧಿಕಾರ ಯಾರ ಕೈಲಿತ್ತು ನೋಡೋಣ. ಮನುಸ್ಮೃತಿಯ ಎರಡನೇ ಅಧ್ಯಾಯದಲ್ಲಿ ಇದಕ್ಕೆ ಕಾನೂನೇ ಇದೆ. ಬ್ರಾಹ್ಮಣನ ಹೆಸರು ಮಂಗಳಕರವಾಗಿರಬೇಕು. ಕ್ಷತ್ರಿಯನದು ಬಲ ತೋರಿಸಬೇಕು. ವೈಶ್ಯನದು ಹಣ ತೋರಿಸಬೇಕು. ಶೂದ್ರನದು ಹೇಸಿಗೆ ಹುಟ್ಟಿಸಬೇಕು. ಹೆಸರಿನ ಕೊನೆಯಲ್ಲಿ ಸೇರಿಸುವ ಮಾತಿನಲ್ಲೂ ಶೂದ್ರನಿಗೆ ಊಳಿಗವೇ ಕಾಣಬೇಕು. ಸರಿ, ಐದನೆಯವರಾದ ನಮಗೆ? ನಮಗೆ ಅಲ್ಲಿ ಸಾಲೇ ಇಲ್ಲ. ಹೇಸಿಗೆಯ ಹೆಸರು ಕೊಡುವ ಮಟ್ಟಿಗೂ ಮನು ನಮ್ಮನ್ನು ಲೆಕ್ಕಕ್ಕೆ ತಗೊಳ್ಳಲಿಲ್ಲ.

ಹೆಂಗಸರಿಗೆ ಬೇರೆ ಕಾನೂನು. ಅವರ ಹೆಸರು ಬಾಯಿಗೆ ಸುಲಭವಾಗಿರಬೇಕು, ಕಠೋರವಾಗಿರಬಾರದು, ಅರ್ಥ ಸ್ಪಷ್ಟವಾಗಿರಬೇಕು, ಮನಸ್ಸಿಗೆ ಹಿತವಾಗಿರಬೇಕು, ಕೊನೆಯ ಅಕ್ಷರ ದೀರ್ಘವಾಗಿರಬೇಕು, ಆಶೀರ್ವಾದದ ಹಾಗೆ ಕೇಳಿಸಬೇಕು. ಮೂರನೇ ಅಧ್ಯಾಯದಲ್ಲಿ ಮದುವೆಯ ಮಾತು ಬಂದಾಗ ಇನ್ನೂ ಒಂದು ಕಟ್ಟಳೆ ಇದೆ. ನಕ್ಷತ್ರ, ಮರ, ನದಿ, ಬೆಟ್ಟ, ಹಕ್ಕಿ, ಹಾವಿನ ಹೆಸರಿರುವ ಹುಡುಗಿ ಬೇಡ. ಅಂತ್ಯಜರ ಹೆಸರಿನವಳು, ಆಳುಕಾಳಿನ ಹೆಸರಿನವಳು ಬೇಡವೇ ಬೇಡ. ರೋಹಿಣಿ, ತುಳಸಿ, ಕಾವೇರಿ, ಗಂಗಾ, ಕೋಕಿಲಾ ಅಂತ ತಮ್ಮ ಹೆಣ್ಣುಮಕ್ಕಳಿಗೆ ಹೆಸರಿಟ್ಟುಕೊಂಡು, ಸಭೆಯಲ್ಲಿ ಮನುವನ್ನು ಹೊಗಳುವ ಮಹನೀಯರು ಈ ಶ್ಲೋಕ ಓದಿದ ಹಾಗೆ ಕಾಣೆ. ಅವರಿಗೆ ಬೇಕಾದಾಗ ಮನು ಸಡಿಲವಾಗುತ್ತಾನೆ. ನಮ್ಮ ವಿಷಯದಲ್ಲಿ ಮಾತ್ರ ಬಿಗಿಯಾಗುತ್ತಾನೆ.

ನಮ್ಮವರ ಹತ್ತಿರ ಶ್ಲೋಕ ಇರಲಿಲ್ಲ. ಹಸಿವಿತ್ತು, ಸಾವಿತ್ತು. ಹುಟ್ಟಿದ ಕೂಸುಗಳು ಒಂದರ ಹಿಂದೆ ಒಂದು ಸಾಯುತ್ತಿದ್ದಾಗ, ಕೂಸನ್ನು ತಿಪ್ಪೆಯ ಮೇಲೆ ಒಂದು ಗಳಿಗೆ ಮಲಗಿಸಿ ಎತ್ತಿಕೊಂಡು ತಿಪ್ಪ, ತಿಪ್ಪಿ ಅಂತ ಹೆಸರಿಟ್ಟರು. ಸಾವಿಗೂ ಹೇಸಿಗೆಯಾಗಲಿ, ಮುಟ್ಟದೆ ಹೋಗಲಿ ಅಂತ. ಹೆಣ್ಣಿನ ಮೇಲೆ ಹೆಣ್ಣು ಹುಟ್ಟಿದಾಗ ಇನ್ನು ಸಾಕು ಅಂತ ಸಾಕಮ್ಮ ಅಂದರು. ಇದು ನಮ್ಮ ಕೇರಿಯ ಪಾಡು ಮಾತ್ರ ಅಲ್ಲ. ಮಹಾರಾಷ್ಟ್ರದ ಸಾತಾರಾ ಜಿಲ್ಲೆಯಲ್ಲಿ 'ನಕುಶಾ', ಅಂದರೆ ಬೇಡವಾದವಳು, ಅಂತ ಹೆಸರು ಹೊತ್ತಿದ್ದ 285 ಹುಡುಗಿಯರಿಗೆ 2011ರ ಅಕ್ಟೋಬರಿನಲ್ಲಿ ಸಮಾರಂಭ ಮಾಡಿ ಹೊಸ ಹೆಸರು ಕೊಡಲಾಯಿತು. ಎಷ್ಟು ವರ್ಷ ಆ ಮಕ್ಕಳು ಶಾಲೆಯ ಹಾಜರಿಯಲ್ಲಿ "ಬೇಡವಾದವಳು" ಅಂತ ಕರೆದಾಗ "ಇದ್ದೀನಿ" ಅಂತ ಕೈಯೆತ್ತಿದವೋ ಯೋಚಿಸಿ.

ಇಲ್ಲಿ ಒಂದು ಎಚ್ಚರ ಬೇಕು. ಹೊಸ ಹೆಸರು ಬಂತು ಅಂತ ಹಳೆ ಹೆಸರಿಗೆ ಉಗಿಯಬಾರದು. ಹಾಸ್ಟೆಲಿನ ಅರ್ಜಿಯಲ್ಲಿ 'ತಾಯಿಯ ಹೆಸರು' ಅನ್ನೋ ಗೆರೆಯ ಮುಂದೆ ಮಾರಿ, ತಿಪ್ಪಿ, ಕರಿಯವ್ವ ಅಂತ ಬರೆಯೋಕೆ ನಾಚಿಕೊಂಡು ಕೈಯಿಂದ ಮರೆಮಾಡಿ ಬರೆಯೋ ಹುಡುಗರಿದ್ದಾರೆ. ಯಾಕ್ರಪ್ಪ ನಾಚಿಕೆ? ಹನ್ನೆರಡನೇ ಶತಮಾನದ ಶರಣೆಯರ ಹೆಸರುಗಳನ್ನು ನೋಡಿ. ಆಯ್ದಕ್ಕಿ ಲಕ್ಕಮ್ಮ ಅಕ್ಕಿ ಆಯುವವಳು. ಕೊಟ್ಟಣದ ಸೋಮಮ್ಮ ಭತ್ತ ಕುಟ್ಟುವವಳು. ಕದಿರ ರೆಮ್ಮವ್ವೆ ನೂಲುವವಳು. ಮಾಡುವ ಕೆಲಸವೇ ಹೆಸರಿಗೆ ಹತ್ತಿಕೊಂಡಿದೆ, ಅದಕ್ಕವರು ನಾಚಲಿಲ್ಲ. ನಮ್ಮನ್ನು ಹೊತ್ತು ಹೆತ್ತು ಕೂಲಿ ಮಾಡಿ ಕಾಲೇಜಿಗೆ ಕಳಿಸಿದವಳು ತಿಪ್ಪಿ. ಆ ಹೆಸರಿನಲ್ಲಿರೋ ಅವಮಾನ ಅವಳನ್ನು ಹಾಗೆ ಬದುಕಿಸಿದವರಿಗೆ ಸೇರಬೇಕು. ತಿಪ್ಪಿಯ ಮೊಮ್ಮಗಳು ಸಮತಾ ಆದರೆ ಅದು ತಿಪ್ಪಿಯನ್ನು ಮುಚ್ಚಿಡೋಕಲ್ಲ. ತಿಪ್ಪಿ ಕೇಳದೆ ಉಳಿದದ್ದನ್ನು ಮೊಮ್ಮಗಳು ಕೇಳಲಿ ಅಂತ.

ಈಗ ಪದದ ಹುಟ್ಟಿಗೆ ಬರೋಣ. 'ಸಮ' ಅನ್ನುವುದಕ್ಕೆ 'ತಾ' ಅನ್ನೋ ಪ್ರತ್ಯಯ ಸೇರಿ ಸಮತಾ. ಮಾನವನಿಂದ ಮಾನವತಾ ಆದ ಹಾಗೆ. ಸಂಸ್ಕೃತದಲ್ಲಿ ಈ 'ತಾ' ಹತ್ತಿಕೊಂಡ ಪದಗಳು ಸ್ತ್ರೀಲಿಂಗ. ಕನ್ನಡಕ್ಕೆ ಬಂದಾಗ ಸಮತೆ, ಮಾನವತೆ ಆಗುತ್ತವೆ. ಲತೆಯನ್ನು ಲತಾ ಅಂತ ಹೆಸರಿಡುವ ಹಾಗೆ ಸಮತೆಯನ್ನು ಸಮತಾ ಅಂತ ಇಟ್ಟರು. ತಮಾಷೆ ನೋಡಿ, ಮನು ಹೆಂಗಸರಿಗೆ ಹಾಕಿದ ಕಟ್ಟಳೆಯಲ್ಲಿ ಈ ಹೆಸರು ಪಾಸಾಗುತ್ತೆ. ಬಾಯಿಗೆ ಸುಲಭ, ಅರ್ಥ ಸ್ಪಷ್ಟ, ಕೊನೆಗೆ ದೀರ್ಘ. ಆದರೆ ಒಳಗೆ ಬಂದು ಕೂತ ಮೇಲೆ ಆ ಮನೆಯ ತೊಲೆಯನ್ನೇ ಅಲ್ಲಾಡಿಸುವಂಥ ಅರ್ಥ ಅದಕ್ಕಿದೆ.

ಆ ಅರ್ಥ ಮೊದಲಿನಿಂದ ಇತ್ತಾ? ಇರಲಿಲ್ಲ. ಗೀತೆಯಲ್ಲೂ ಸಮತೆಯ ಮಾತಿದೆ. ಅಲ್ಲಿ ಅದರ ಅರ್ಥ ಮನಸ್ಸಿನ ಸಮಾಧಾನ. ಸುಖ ಬಂದರೂ ದುಃಖ ಬಂದರೂ ಒಂದೇ ಸಮ ಇರು ಅಂತ. ಐದನೇ ಅಧ್ಯಾಯದಲ್ಲಿ ವಿದ್ಯಾವಂತ ಬ್ರಾಹ್ಮಣನನ್ನೂ, ಹಸುವನ್ನೂ, ಆನೆಯನ್ನೂ, ನಾಯಿಯನ್ನೂ, ನಾಯಿ ಬೇಯಿಸಿ ತಿನ್ನುವ ಚಂಡಾಲನನ್ನೂ ಪಂಡಿತನು ಸಮನಾಗಿ ಕಾಣುತ್ತಾನೆ ಅಂತ ಬರುತ್ತೆ. ಬಹಳ ಜನ ಇದನ್ನೇ ತೋರಿಸಿ, ನೋಡಿ ನಮ್ಮಲ್ಲಿ ಸಮಾನತೆ ಎಷ್ಟು ಹಿಂದೆಯೇ ಇತ್ತು ಅಂತಾರೆ. ನಾವು ಕೇಳೋದು ಇಷ್ಟೆ. ಪಂಡಿತ ಸಮನಾಗಿ ಕಂಡ, ಸರಿ. ಕಂಡ ಮೇಲೆ ಏನು ಮಾಡಿದ? ಆ ಚಂಡಾಲನಿಗೆ ಬಾವಿಯ ಹಗ್ಗ ಕೊಟ್ಟನಾ? ಪಕ್ಕದಲ್ಲಿ ಎಲೆ ಹಾಕಿದನಾ? ಕಾಣುವವನು ಅವನೇ, ಕಾಣಿಸಿಕೊಳ್ಳುವವರು ನಾವು, ಅದೂ ನಾಯಿಯ ಪಕ್ಕದ ಜಾಗದಲ್ಲಿ. ಅವನ ಸಮತೆ ಅವನ ಕಣ್ಣಿನೊಳಗೇ ಉಳಿಯಿತು. ನಮ್ಮ ಪಾಲಿಗೆ ಬಂದ ಸಮತೆ ಅಂದರೆ ಇದ್ದದ್ದನ್ನು ಸಹಿಸಿಕೊಂಡು ಸಮಾಧಾನವಾಗಿ ಬಿದ್ದಿರೋದು.

ಆ ಪದವನ್ನು ಕಣ್ಣಿನಿಂದ ಇಳಿಸಿ ಕೆರೆಯ ದಂಡೆಗೆ ತಂದವರು ಬಾಬಾಸಾಹೇಬರು. 1927ರ ಮಾರ್ಚ್ 20ರಂದು ಮಹಾಡಿನ ಚೌದಾರ್ ಕೆರೆಯ ನೀರನ್ನು ಸಾವಿರಾರು ಜನ ಅಸ್ಪೃಶ್ಯರು ಮುಟ್ಟಿ ಕುಡಿದರು. ಅದೇ ವರ್ಷ ಡಿಸೆಂಬರ್ 25ರಂದು ಅದೇ ಊರಿನಲ್ಲಿ ಮನುಸ್ಮೃತಿಯನ್ನು ಸುಟ್ಟರು. ಶೂದ್ರನಿಗೆ ಹೇಸಿಗೆಯ ಹೆಸರಿಡು ಅಂದ ಪುಸ್ತಕ ಅವತ್ತು ಬೂದಿಯಾಯಿತು. ಆ ವರ್ಷವೇ ಸಮಾಜ ಸಮತಾ ಸಂಘ ಹುಟ್ಟಿತು. 1928ರಲ್ಲಿ 'ಸಮತಾ' ಅಂತಲೇ ಪತ್ರಿಕೆ ಹೊರಟಿತು. 1920ರಲ್ಲಿ ಮೂಕನಾಯಕ, 1927ರಲ್ಲಿ ಬಹಿಷ್ಕೃತ ಭಾರತ, 1928ರಲ್ಲಿ ಸಮತಾ, 1930ರಲ್ಲಿ ಜನತಾ, 1956ರಲ್ಲಿ ಪ್ರಬುದ್ಧ ಭಾರತ. ಈ ಹೆಸರುಗಳನ್ನು ಸಾಲಾಗಿ ಓದಿ. ಮೂಕರಾಗಿದ್ದವರು, ಹೊರಗಿಟ್ಟವರು, ಸಮ ಕೇಳಿದವರು, ಜನ ಆದವರು, ಎಚ್ಚೆತ್ತವರು. ನಮ್ಮ ಚರಿತ್ರೆ ಐದು ಹೆಸರಿನಲ್ಲಿ ಮುಗಿದುಹೋಗುತ್ತೆ. ಸಮತಾ ಸೈನಿಕ ದಳದ ಹುಡುಗರು ದೊಣ್ಣೆ ಹಿಡಿದು ಸಭೆ ಕಾಯುತ್ತಿದ್ದ ಕಾಲದಲ್ಲಿ ಆ ಪದಕ್ಕೆ ಬೆವರಿನ ವಾಸನೆ ಬಂತು. ಇವತ್ತು ನಮ್ಮ ಕೇರಿಯ ಹುಡುಗಿಯ ಹೆಸರಿಗೆ ಬಂದಿರೋದು ಈ ಅರ್ಥ, ಗೀತೆಯದಲ್ಲ.

ಸಂವಿಧಾನದ ಪೀಠಿಕೆಯನ್ನು ಕನ್ನಡದಲ್ಲಿ ಓದುವಾಗ 'ಸಮಾನತೆ' ಅಂತ ಓದುತ್ತೇವೆ. ಹಿಂದಿಯಲ್ಲಿ ಅದೇ ಜಾಗದಲ್ಲಿ 'ಸಮತಾ' ಅಂತಲೇ ಇದೆ. ಕಾನೂನಿನ ಮುಂದೆ ಎಲ್ಲರೂ ಒಂದೇ ಅನ್ನುವ 14ನೇ ವಿಧಿಯಲ್ಲೂ ಹಿಂದಿಯಲ್ಲಿ ಇದೇ ಪದ. ಸುಪ್ರೀಂ ಕೋರ್ಟಿನಲ್ಲಿ ಇದೇ ಹೆಸರಿನ ಒಂದು ತೀರ್ಪೂ ಇದೆ. ಆಂಧ್ರದಲ್ಲಿ ಸಮತಾ ಅನ್ನುವ ಸಂಸ್ಥೆ, ವಿಶಾಖಪಟ್ಟಣ ಜಿಲ್ಲೆಯ ಆದಿವಾಸಿಗಳ ನೆಲವನ್ನು ಖಾಸಗಿ ಗಣಿ ಕಂಪನಿಗಳಿಗೆ ಕೊಡಬಾರದು ಅಂತ ಮೊಕದ್ದಮೆ ಹೂಡಿತು. 1997ರಲ್ಲಿ ಗೆದ್ದಿತು. ವಕೀಲರು ಅದನ್ನು ಸಮತಾ ಕೇಸು ಅಂತಲೇ ಕರೆಯುತ್ತಾರೆ. ಅಲ್ಲಿಗೆ ಈ ಹೆಸರು ಕೆರೆ ಕಂಡಿದೆ, ಪತ್ರಿಕೆಯಾಗಿದೆ, ಸಂವಿಧಾನದಲ್ಲಿದೆ, ಕೋರ್ಟಿನಲ್ಲಿ ನೆಲವನ್ನೂ ಗೆದ್ದಿದೆ. ದೇವಲೋಕದ ಯಾವ ಹೆಸರಿಗೆ ಇಷ್ಟು ಚರಿತ್ರೆ ಇದೆ ಹೇಳಿ?

ನಮ್ಮ ಕೇರಿಯ ಕನ್ನಡದಲ್ಲಿ ಇದಕ್ಕೆ ಇನ್ನೊಂದು ಅರ್ಥವೂ ಹುಟ್ಟುತ್ತೆ. ಇದು ನಿಘಂಟಿನಲ್ಲಿ ಸಿಗೋದಲ್ಲ, ಕಿವಿಗೆ ಸಿಗೋದು. ಸಂಸ್ಕೃತದವರಿಗೆ 'ತಾ' ಪ್ರತ್ಯಯ. ನಮಗೆ 'ತಾ' ಅಂದರೆ ಕೊಡು, ಇಲ್ಲಿ ತಾ. ಸಮ, ತಾ. ಕಣದಲ್ಲಿ ರಾಶಿ ಅಳೆಯುವಾಗ ಧಣಿಯ ಬಳ್ಳ ಬೇರೆ, ಆಳಿನ ಬಳ್ಳ ಬೇರೆ ಆಗಿದ್ದ ಕಾಲವನ್ನು ನಮ್ಮ ಹಿರಿಯರು ಕಂಡಿದ್ದಾರೆ. ಗಂಡಾಳಿಗೆ ಒಂದು ಕೂಲಿ, ಹೆಣ್ಣಾಳಿಗೆ ಒಂದು ಕೂಲಿ ಅನ್ನೋದನ್ನು ನಾವು ಇವತ್ತೂ ಕಾಣುತ್ತಿದ್ದೇವೆ. ಸಮಾನ ವೇತನದ ಕಾಯಿದೆ 1976ರಲ್ಲೇ ಬಂತು. ಗದ್ದೆಗೆ ಮಾತ್ರ ಇನ್ನೂ ಬಂದಿಲ್ಲ. ಅಂಥ ಕಡೆ ನಿಂತು ಒಬ್ಬ ತಾಯಿ ಮಗಳನ್ನು "ಸಮತಾ" ಅಂತ ಕೂಗಿದರೆ ಕೊಡಬೇಕಾದವನ ಕಿವಿಗೂ ಅದು ಬೀಳಲಿ. ಇನ್ನೊಂದು ಅನುಕೂಲ ಇದೆ. ಲಕ್ಷ್ಮಮ್ಮನನ್ನು ಲಚ್ಚಿ ಮಾಡಿದವರು, ಚೆನ್ನಮ್ಮನನ್ನು ಚೆನ್ನಿ ಮಾಡಿದವರು ಈ ಹೆಸರನ್ನು ಕತ್ತರಿಸಲಿ ನೋಡೋಣ. ಕತ್ತರಿಸಿದರೆ 'ಸಮ' ಅಂತಲೇ ಉಳಿಯುತ್ತೆ!

ಆದರೆ ಈ ಹೆಸರು ಅಷ್ಟು ಸುಲಭವಾಗಿ ದಾಖಲೆಗೆ ಹತ್ತುತ್ತೆ ಅಂದುಕೊಳ್ಳಬೇಡಿ. ನಮ್ಮ ಕಡೆಯ ಒಂದು ಶಾಲೆಯಲ್ಲಿ ನಡೆದದ್ದು ಇದು. ಕೂಲಿ ಮಾಡುವ ಅಪ್ಪ ಮಗಳನ್ನು ಸೇರಿಸೋಕೆ ಹೋದ.

"ಹೆಸರೇನಯ್ಯಾ?"

"ಸಮತಾ ಅಂತ ಸಾ."

"ಮಮತಾನಾ?"

"ಅಲ್ಲ ಸಾ, ಸಮತಾ."

"ಅದೆಂಥಾ ಹೆಸರಯ್ಯಾ? ಯಾವ ದೇವರದ್ದು?"

"ದೇವರದ್ದಲ್ಲ ಸಾ. ಎಲ್ರೂ ಒಂದೇ ಅನ್ನೋದು."

ಮೇಷ್ಟ್ರು ನಕ್ಕು ಬರೆದುಕೊಂಡರು. ರಿಜಿಸ್ಟರಿನಲ್ಲಿ ಬಿದ್ದದ್ದು ಮಮತಾ. ಹುಟ್ಟಿದ ದಿನ ಎಂದಿನ ಹಾಗೆ ಜೂನ್ ಒಂದು. ಆ ಅಕ್ಷರ ತಿದ್ದಿಸೋಕೆ ನಮ್ಮ ಹುಡುಗರು ನಾಲ್ಕು ಸಲ ಅಲೆದರು. ಒಂದಕ್ಷರಕ್ಕೆ ಇಷ್ಟು ರಗಳೆ ಯಾಕಪ್ಪ, ಮಮತಾನೂ ಒಳ್ಳೆ ಹೆಸರೇ ಅಲ್ವಾ ಅಂದರು ಅಲ್ಲಿದ್ದವರು.

ಒಳ್ಳೆ ಹೆಸರೇ. ಆದರೆ ಅರ್ಥ ನೋಡಿ. 'ಮಮ' ಅಂದರೆ ನನ್ನದು. ಮಮತಾ ಅಂದರೆ ನನ್ನದು ಅನ್ನುವ ಭಾವ, ಅದರಿಂದ ಬಂದ ಪ್ರೀತಿ, ವಾತ್ಸಲ್ಯ. ಹೆಣ್ಣಿನಿಂದ ಈ ಸಮಾಜ ಬಯಸೋದು ಅದನ್ನೇ. ಬಡಿಸು, ಒರೆಸು, ಸಹಿಸು, ಪ್ರೀತಿಸು. ಹೆಣ್ಣು ಮಮತೆ ಕೊಟ್ಟರೆ ದೇವತೆ ಅಂತಾರೆ, ಸಮತೆ ಕೇಳಿದರೆ ಬಜಾರಿ ಅಂತಾರೆ. ಸಮತಾ ಅಂದದ್ದು ಮಮತಾ ಅಂತ ಕೇಳಿಸೋದು ಕಿವಿಯ ದೋಷ ಅಲ್ಲ ಗೆಳೆಯರೇ. ಕೇಳಿ ಅಭ್ಯಾಸವಾದದ್ದೇ ಕೇಳಿಸುತ್ತೆ.

ಇನ್ನೊಂದು ಪ್ರಶ್ನೆ ಹಾಸ್ಟೆಲಿನಲ್ಲಿ ಏಳುತ್ತೆ. ಈಗ ಬುದ್ಧ, ಭೀಮ, ಸಮತಾ ಅಂತ ಹೆಸರಿಟ್ಟರೆ "ಓ, ಇವರು ಅವರಾ" ಅಂತ ಗುರುತು ಹಿಡೀತಾರೆ, ಬಾಡಿಗೆಗೆ ಮನೆ ಕೊಡಲ್ಲ, ಅದಕ್ಕಿಂತ ಯಾರದ್ದು ಅಂತ ತಿಳಿಯದ ಹೆಸರಿಟ್ಟುಕೊಂಡು ಪಟ್ಟಣದಲ್ಲಿ ಕರಗಿಹೋಗೋದು ವಾಸಿ ಅಂತ. ಹೀಗೆ ಹೇಳುವವರ ಸಂಕಟ ನಮಗೂ ಗೊತ್ತು. ಮನೆ ಹುಡುಕುವಾಗ ಹೆಸರು ಕೇಳಿ ಬಾಗಿಲು ಹಾಕಿಸಿಕೊಂಡವನಿಗೆ ನಾವು ಉಪದೇಶ ಮಾಡುವುದಿಲ್ಲ. ಆದರೆ ಒಂದು ಮಾತು ಕೇಳಿಕೊಳ್ಳೋಣ. ಸಮ ಅನ್ನೋ ಹೆಸರು ಕೇಳಿದ ಕೂಡಲೇ ಇದು ಹೊಲಗೇರಿಯದೇ ಇರಬೇಕು ಅಂತ ಊರು ತೀರ್ಮಾನ ಮಾಡುತ್ತೆ ಅಂದರೆ ಅದು ಯಾರಿಗೆ ಅವಮಾನ? ಸಮತೆ ಬೇಕಾಗಿರೋದು ಅವರಿಗೆ ಮಾತ್ರ, ನಮಗೆ ಬೇಡ ಅಂತ ಊರೇ ಒಪ್ಪಿಕೊಂಡ ಹಾಗಾಯಿತು. ನಮ್ಮ ಸಭೆಗಳಿಗೆ ಬಂದು ಮುಂದಿನ ಸಾಲಿನಲ್ಲಿ ಕೂರುವ ಮೇಲ್ಜಾತಿಯ ಪ್ರಗತಿಪರ ಗೆಳೆಯರಿಗೆ ಈ ಮಾತು ಹೇಳುತ್ತೇವೆ. ನಿಮ್ಮ ಮಗಳಿಗೂ ಈ ಹೆಸರಿಡಿ. ನಾಲ್ಕು ಜಾತಿಯ ಮನೆಯಲ್ಲಿ ಸಮತಾ ಹುಟ್ಟಿದರೆ ಹೆಸರಿನಿಂದ ಜಾತಿ ಹುಡುಕುವವನಿಗೆ ಕೆಲಸ ಕಷ್ಟವಾಗುತ್ತೆ.

ಇಷ್ಟು ಹೊರಗಿನವರಿಗೆ ಆಯಿತು. ಈಗ ಮನೆಯೊಳಗಿನ ಮಾತು. ಇದನ್ನು ಹೇಳೋಕೇ ಈ ಲೇಖನ ಬರೆಯಲು ಕೂತದ್ದು.

ಮಗಳಿಗೆ ಸಮತಾ ಅಂತ ಹೆಸರಿಡೋದು ಅಂದರೆ ಸಾಲದ ಪತ್ರಕ್ಕೆ ಸಹಿ ಹಾಕಿದ ಹಾಗೆ. ಆ ಹೆಸರು ಹಿಡಿದು ಕರೆದಾಗಲೆಲ್ಲ ನಾವು ಆ ಮಗುವಿಗೆ ಏನು ಕೊಡಬೇಕು ಅನ್ನೋದು ನೆನಪಾಗಬೇಕು. ನಮ್ಮ ಕೇರಿಯಲ್ಲಿ ಏನಾಗ್ತಿದೆ? ಅಣ್ಣ ಕಾಲೇಜಿಗೆ, ಸಮತಾ ಗಾರ್ಮೆಂಟಿಗೆ. ಅಣ್ಣನ ತಟ್ಟೆಗೆ ಮೊದಲು ಸಾರಿನ ತುಂಡು ಬೀಳುತ್ತೆ, ಸಮತಾಳ ತಟ್ಟೆಗೆ ತಳದ ರಸ. ಅಣ್ಣ ಏಪ್ರಿಲ್ 14ರಂದು ನೀಲಿ ಶಾಲು ಹೊದ್ದು ಭಾಷಣ ಮಾಡಿ ಬಂದರೆ ಅವನ ಶರ್ಟು ಒಗೆಯುವವಳು ಸಮತಾ. ಮನುಸ್ಮೃತಿಯನ್ನು ಮಹಾಡಿನಲ್ಲಿ ಸುಟ್ಟರು, ನಮ್ಮ ಅಡಿಗೆಮನೆಯಲ್ಲಿ ಸುಡೋಕೆ ಯಾರು ಬರಬೇಕು?

ಜಮೀನಿನ ಮಾತು ತೆಗೆಯೋಣ. ಸರ್ಕಾರ ನಮಗೆ ಮಂಜೂರು ಮಾಡಿದ ಭೂಮಿಯನ್ನು ಉಳ್ಳವರು ಬರೆಸಿಕೊಂಡಾಗ, 1978ರ ಪಿಟಿಸಿಎಲ್ ಕಾಯಿದೆ ಹಿಡಿದುಕೊಂಡು ಉಪವಿಭಾಗಾಧಿಕಾರಿಗಳ ಕೋರ್ಟಿಗೆ ವರ್ಷಗಟ್ಟಲೆ ಅಲೆಯುತ್ತೇವೆ. ಇದು ನಮ್ಮ ಹಕ್ಕು ಅಂತ ಕೂಗುತ್ತೇವೆ. ಸರಿಯಾಗಿಯೇ ಕೂಗುತ್ತೇವೆ. ಆ ಭೂಮಿ ಕೈಗೆ ಬಂದ ಮೇಲೆ ಅಕ್ಕತಂಗಿಯರನ್ನು ಕರೆದು, ಅರಿಶಿನ ಕುಂಕುಮಕ್ಕೆ ಅಂತ ಒಂದು ಸೀರೆ ಕೊಟ್ಟು, ಹಕ್ಕು ಬಿಡುಗಡೆ ಪತ್ರಕ್ಕೆ ಹೆಬ್ಬೆಟ್ಟು ಒತ್ತಿಸಿಕೊಳ್ಳುವವರು ಯಾರು? ಕರ್ನಾಟಕದಲ್ಲಿ 1994ರ ತಿದ್ದುಪಡಿಯಿಂದ, ದೇಶಕ್ಕೆಲ್ಲ 2005ರ ತಿದ್ದುಪಡಿಯಿಂದ, ಪಿತ್ರಾರ್ಜಿತದಲ್ಲಿ ಮಗಳಿಗೂ ಮಗನಷ್ಟೇ ಪಾಲಿದೆ. ಈ ದಾರಿಗಾಗಿ ಹಿಂದೂ ಕೋಡ್ ಬಿಲ್ ಹಿಡಿದು ಹೋರಾಡಿ, ಅದು ಮೂಲೆಗೆ ಬಿದ್ದಾಗ 1951ರ ಸೆಪ್ಟೆಂಬರಿನಲ್ಲಿ ಮಂತ್ರಿಗಿರಿಯನ್ನೇ ಬಿಟ್ಟು ಬಂದವರು ಬಾಬಾಸಾಹೇಬರು. ಅವರ ಪಟ ಗೋಡೆಗೆ ಹಾಕಿ, ಅದರ ಕೆಳಗೇ ತಂಗಿಯ ಹೆಬ್ಬೆಟ್ಟು ಒತ್ತಿಸಿಕೊಳ್ಳುವ ಅಣ್ಣಂದಿರಿಗೆ ಏನು ಹೇಳೋಣ?

1942ರ ಜುಲೈನಲ್ಲಿ ನಾಗಪುರದ ದಲಿತ ಮಹಿಳೆಯರ ಸಮ್ಮೇಳನದಲ್ಲಿ ಬಾಬಾಸಾಹೇಬರು, ಒಂದು ಸಮುದಾಯ ಎಷ್ಟು ಮುಂದೆ ಬಂದಿದೆ ಅನ್ನೋದನ್ನು ಅದರ ಹೆಂಗಸರು ಎಷ್ಟು ಮುಂದೆ ಬಂದಿದ್ದಾರೆ ಅನ್ನೋದರಿಂದ ಅಳೀತೀನಿ ಅನ್ನೋ ಅರ್ಥದ ಮಾತಾಡಿದರು. ಆ ಅಳತೆಗೋಲು ತಂದು ನಮ್ಮ ಚಳವಳಿಯನ್ನೇ ಅಳೆಯೋಣ. ಜಾಥಾದಲ್ಲಿ ಮುಂದಿನ ಸಾಲಿನಲ್ಲಿ ನಡೆದವರು ಹೆಂಗಸರು. ಲಾಠಿ ಏಟು ತಿಂದವರು ಹೆಂಗಸರು. ಸಭೆಗೆ ಬಂದವರಿಗೆ ಅನ್ನ ಬೇಯಿಸಿದವರೂ ಅವರೇ. ವೇದಿಕೆಯ ಮೇಲೆ ಹನ್ನೆರಡು ಕುರ್ಚಿ ಹಾಕಿದರೆ ಅವರಿಗೆ ಎಷ್ಟು ಕುರ್ಚಿ? ಒಂದು. ಅದೂ ಪ್ರಾರ್ಥನೆಗೋ ವಂದನಾರ್ಪಣೆಗೋ.

ಹಾಗಾಗಿ ಹಾಸ್ಟೆಲಿನ ತಮ್ಮಂದಿರೇ, ಈ ಸಲ ರಜಕ್ಕೆ ಊರಿಗೆ ಹೋದಾಗ ಮೂರು ಕೆಲಸ ಮಾಡಿ. ಕೇರಿಯಲ್ಲಿ ಈ ವರ್ಷ ಶಾಲೆ ಬಿಟ್ಟ ಹುಡುಗಿಯರು ಯಾರು ಅಂತ ಹೆಸರು ಬರೆದುಕೊಳ್ಳಿ, ಮತ್ತೆ ಸೇರಿಸೋಕೆ ಅಪ್ಪ ಅವ್ವನ ಹತ್ತಿರ ಕೂತು ಮಾತಾಡಿ. ಶಾಲೆಯ ರಿಜಿಸ್ಟರಿನಲ್ಲಿ ನಮ್ಮ ಮಕ್ಕಳ ಹೆಸರು ಇಟ್ಟ ಹಾಗೆ ಇದೆಯಾ ನೋಡಿ, ಇಲ್ಲದಿದ್ದರೆ ಎಸ್ಸೆಸ್ಸೆಲ್ಸಿಗೆ ಬರುವ ಮೊದಲೇ ತಿದ್ದಿಸಿ. ಹಕ್ಕು ಬಿಡುಗಡೆ ಪತ್ರ ಅಂತ ಯಾರಾದರೂ ನಿಮ್ಮ ಅಕ್ಕನ ಮುಂದೆ ಕಾಗದ ಹಿಡಿದರೆ ಅದನ್ನು ಅವಳಿಗೆ ಪೂರ್ತಿ ಓದಿ ಹೇಳಿ, ಅವಳ ಪಾಲು ಎಷ್ಟು ಅನ್ನೋದನ್ನೂ ಹೇಳಿ, ಆಮೇಲೆ ಅವಳ ಇಷ್ಟ.

ತಂಗಿಯರೇ, ನಿಮ್ಮ ಹೆಸರು ಸಮತಾ ಇರಲಿ, ಮಾರಮ್ಮ ಇರಲಿ, ಮುಂದಿನ ಸಭೆಯಲ್ಲಿ ಪ್ರಾರ್ಥನೆ ಹಾಡಿ ಅಂತ ಕರೆದರೆ ನಾವು ಮಾತಾಡ್ತೀವಿ ಅನ್ನಿ. ಮೈಕು ಕೊಡದಿದ್ದರೆ ಕೇಳಿ ಈಸ್ಕೊಳ್ಳಿ. ನಿಮ್ಮ ಮಾತು ಮುಗಿಯೋವರೆಗೂ ನೆಲದ ಮೇಲೆ ಕೂತು ಕೇಳೋದನ್ನು ನಾವು ಗಂಡಸರು ಕಲಿಯುತ್ತೇವೆ.

ಜೈ ಭೀಮ್.